ವಿಯೆಟ್ನಾಮೀ ಭಾಷೆಯಲ್ಲಿ ಚೋಳ ಸಾಮ್ರಾಜ್ಯ

ಒಮಾನಿನ ದುಕ್ಮ್‌ನಲ್ಲಿ ಶುಕ್ರವಾರ ಬಂತೆಂದರೆ ನಮಗೆ ಎರಡೇ ಕೆಲಸ: ಬಟ್ಟೆ ಒಗೆಯುವುದು, ಸಾಮ್ರಾಜ್ಯ ಕಟ್ಟುವುದು. ಮಸ್ಕತ್ ಸುಮಾರು 550 ಕಿಲೋಮೀಟರ್ ದೂರ. ಊರಿನ ಹೆಸರಾಂತ ಬಂಡೆಗಳ ಉದ್ಯಾನವನ್ನು ಎಷ್ಟು ಸಲ ಹೋಗಿ ನೋಡಿದರೂ ಬಂಡೆಗಳು ಇದ್ದಲ್ಲೇ ಇರುತ್ತವೆ. ಹಾಗಾಗಿ ಕ್ಯಾಂಪಿನ ಕೋಣೆಯಲ್ಲಿ ನಾವು ನಾಲ್ವರು ಒಂದೇ ಲ್ಯಾಪ್‌ಟಾಪಿಗೆ ಮುತ್ತಿ ‘ಏಜ್ ಆಫ್ ಎಂಪೈರ್ಸ್ 2’ ಆಡುತ್ತೇವೆ.

‘ವಾರವಿಡೀ ಇಂಗ್ಲಿಷ್ ಕೇಳಿದ್ದು ಸಾಲದೇ?’ ಎಂದು ಒಬ್ಬ ಗೊಣಗಿದ್ದೇ ತಡ, ಭಾಷಾ ಆಯೋಗ ಕೂತಿತು. 2019ರ ಹೊಸ ಆವೃತ್ತಿಯಲ್ಲಿ ಹಿಂದಿ ಉಂಟು. ಕನ್ನಡ, ತಮಿಳು, ಮಲಯಾಳಂ ಇಲ್ಲ. ಹಿಂದಿ ಹಾಕಿದೆವು. ಮೊದಲು ಕಂಗಾಲಾದವನು ಬಿಹಾರದವನೇ. ಅವನ ಮನೆಮಾತು ಭೋಜಪುರಿ. ‘ಭಯ್ಯಾ, ಇದು ಮಾತಾಡುವ ಹಿಂದಿಯಲ್ಲ, ಪರೀಕ್ಷೆ ಬರೆಯುವ ಹಿಂದಿ’ ಎಂದು ಕೈಮುಗಿದ.

ಅಷ್ಟರಲ್ಲಿ ಕಣ್ಣೂರಿನವನು ಪಟ್ಟಿಯಲ್ಲಿ ‘ಮೆಲಾಯು’ ನೋಡಿ ಕುಣಿದ. ‘ನಮ್ಮದೇ! ಸ್ಪೆಲಿಂಗ್ ತಪ್ಪಾಗಿದೆ, ಅಷ್ಟೇ.’ ಒತ್ತಿದ ಮೇಲೆ ಅದು ಮಲೇಷ್ಯಾದ್ದು ಎಂದು ತಿಳಿದು ಚಹಾ ಕಾಯಿಸಲು ಹೋದ.

ಕೊನೆಗೆ ಯಾರಿಗೂ ಬಾರದ ಭಾಷೆಯೇ ನ್ಯಾಯ ಎಂದಾಯಿತು. ಕೊರಿಯನ್ ಆಗದು: ಇಲ್ಲಿನ ರಿಫೈನರಿ ಕಟ್ಟಿದವರಲ್ಲಿ ಡೇವೂ, ಸ್ಯಾಮ್‌ಸಂಗ್ ಇಂಜಿನಿಯರಿಂಗ್‌ಗಳೂ ಇದ್ದವು, ಹಳಬನಾದ ಬಿಹಾರಿಗೆ ಆ ಭಾಷೆಯಲ್ಲಿ ‘ಬೇಗ, ಬೇಗ’ ಎನ್ನುವುದು ಬರುತ್ತದೆ. ಆದ್ದರಿಂದ ವಿಯೆಟ್ನಾಮೀ. ಒಂದೇ ಏಟಿಗೆ ಸಮಾನತೆ ಬಂತು. ಯಾರಿಗೂ ಏನೂ ಅರ್ಥವಾಗದ್ದರಿಂದ ಯಾರೂ ಬುದ್ಧಿವಾದ ಹೇಳಲಿಲ್ಲ. ಕೊಡಲಿಯ ಚಿತ್ರ ಒತ್ತಿದರೆ ಮರ ಬೀಳುತ್ತದೆ, ಸಾಕು.

ಆದರೆ ಈ ಆಟದಲ್ಲಿ ಬದಲಾಗುವುದು ಮೆನುವಿನ ಭಾಷೆ ಮಾತ್ರ. ಆಳುಗಳು, ಸೈನಿಕರು ತಮ್ಮ ತಮ್ಮ ನಾಡಿನ ಮಾತನ್ನೇ ಆಡುತ್ತಾರೆ. ಅರಬ್ಬರದು ಅರಬ್ಬಿ, 2022ರಲ್ಲಿ ಸೇರಿದ ದ್ರಾವಿಡರದು ತಮಿಳು. ತಿರುನೆಲ್ವೇಲಿಯವನು ಅವರನ್ನೇ ಆರಿಸಿ, ರಾಜೇಂದ್ರ ಚೋಳನ ದಂಡಯಾತ್ರೆ ತೆರೆದ. ವಿಯೆಟ್ನಾಮೀ ಗುಂಡಿ ಒತ್ತಿದರೆ ಪದಾತಿ ತಮಿಳಿನಲ್ಲಿ ಹೂಂಗುಟ್ಟಿ ಹೊರಟ. ಗೆಳೆಯನ ಮುಖದಲ್ಲಿ ಇಡೀ ತಂಜಾವೂರಿನ ಕಳೆ.

ನಾನೋ ಬಸವಕಲ್ಯಾಣದವನು. ನಮ್ಮೂರಿನ ಹೆಸರು ಹೊತ್ತ ಕಲ್ಯಾಣ ಚಾಲುಕ್ಯರ ಜಯಸಿಂಹನ ಮೇಲೆ ಯುದ್ಧಕ್ಕೆ ಬಂದವನೇ ಈ ರಾಜೇಂದ್ರ. ‘ಏನಣ್ಣಾ, ನೀನು ಯಾವ ಪಕ್ಷ?’ ಎಂದು ಗೆಳೆಯ ಕೇಳಿದ. ಸಾವಿರ ವರ್ಷದ ಹಗೆ, ಸುಮ್ಮನೆ ಬಿಡುವಂಥದ್ದಲ್ಲ. ಆದರೆ ಆ ವಾರ ಅಡುಗೆಯ ಸರದಿ ಅವನದು, ಒಲೆಯ ಮೇಲೆ ಮೀನಿನ ಸಾರು ಕುದಿಯುತ್ತಿತ್ತು. ಚೋಳರ ಕಡೆ ಸೇರಿಕೊಂಡೆ.