ಮುಳುಗುತ್ತೋ, ತೇಲುತ್ತೋ?

ಬೇಸಿಗೆ ರಜೆಗೆ ಮೊಮ್ಮಕ್ಕಳು ಬರುತ್ತಾರೆಂದರೆ ಕೆಲವರ ಮನೆಯಲ್ಲಿ ಟೀವಿಯ ರಿಮೋಟು ಬೀರು ಸೇರುತ್ತದೆ, ಕೆಲವರ ಮನೆಯಲ್ಲಿ ಚಕ್ಕುಲಿ ಡಬ್ಬ ಅಟ್ಟ ಹತ್ತುತ್ತದೆ. ನಮ್ಮ ಮನೆಯಲ್ಲಿ ಕಾಪಾಡಿಕೊಳ್ಳಬೇಕಾದದ್ದು ನೀರಿಗೆ ಹಾಕಬಹುದಾದ ವಸ್ತುಗಳನ್ನು. ಅಂದರೆ ಎಲ್ಲವನ್ನೂ. ಹೋದ ಸಲ ಇಸ್ತ್ರಿಪೆಟ್ಟಿಗೆ ಬಚ್ಚಲಿನ ಹೊಸ್ತಿಲವರೆಗೂ ಹೋಗಿ ಬದುಕಿ ಬಂತು.

ಇದಕ್ಕೆಲ್ಲ ಮೂಲ ದೊಡ್ಡವಳ ಶಾಲೆಯ ಪುಸ್ತಕದ ಒಂದು ಪುಟ. ಮುಳುಗುವ ವಸ್ತುಗಳು ಎಂದು ಒಂದು ಪಟ್ಟಿ, ತೇಲುವ ವಸ್ತುಗಳು ಎಂದು ಇನ್ನೊಂದು. ಕಲ್ಲು, ಮೊಳೆ, ನಾಣ್ಯ ಈ ಕಡೆ. ಎಲೆ, ಕಾಗದ, ಮರದ ತುಂಡು ಆ ಕಡೆ. ಅದನ್ನು ಉರು ಹೊಡೆದು ಹತ್ತಕ್ಕೆ ಹತ್ತು ತೆಗೆದುಕೊಂಡಿದ್ದಳು. "ಹಾಗಾದ್ರೆ ಆಲೂಗಡ್ಡೆ?" ಎಂದೆ. "ಅದು ಲಿಸ್ಟಲ್ಲಿ ಇಲ್ಲ ತಾತ" ಎಂದಳು. ಅಲ್ಲಿಂದ ಶುರು.

ಬಕೆಟ್ಟು ಈ ಕೆಲಸಕ್ಕೆ ಅಷ್ಟು ಒಳ್ಳೆಯದಲ್ಲ. ಮೇಲಿನಿಂದ ಬಗ್ಗಿ ನೋಡಿದರೆ ತೇಲುವುದೂ, ನೀರಿನ ಅರ್ಧದಲ್ಲಿ ಹೋಗಲೋ ಬೇಡವೋ ಎಂದು ಯೋಚಿಸುತ್ತಿರುವುದೂ ಒಂದೇ ಥರ ಕಾಣುತ್ತವೆ. ಮೀನುಗಳೆಲ್ಲ ಗತಿಸಿದ ಮೇಲೆ ಖಾಲಿ ಬಿದ್ದಿದ್ದ ಗಾಜಿನ ತೊಟ್ಟಿಯೊಂದು ಮಹಡಿಯ ಮೇಲಿತ್ತು, ಅದನ್ನು ಇಳಿಸಿದೆವು. ಟ್ಯಾಂಕರಿನಲ್ಲಿ ನೀರು ಬರುವ ಬಡಾವಣೆ ನಮ್ಮದು, ಆದ್ದರಿಂದ ಸೊಸೆಯಿಂದ ಷರತ್ತಿನ ಮೇಲೆ ಪರವಾನಗಿ ಸಿಕ್ಕಿತು: ಆಟ ಮುಗಿದ ಮೇಲೆ ನೀರು ಕರಿಬೇವಿನ ಗಿಡಕ್ಕೆ ಹೋಗಬೇಕು. ಉಪ್ಪು ಹಾಕಿದ ನೀರು ಮಾತ್ರ ಹೋಗಕೂಡದು. ಇನ್ನೊಂದು ಷರತ್ತು ನನ್ನದು. ಯಾವ ವಸ್ತುವನ್ನೇ ಆಗಲಿ ನೀರಿಗೆ ಬಿಡುವ ಮೊದಲು, ಅದೇನು ಮಾಡುತ್ತದೆಂದು ಬಾಯಿಬಿಟ್ಟು ಹೇಳಬೇಕು. ಬಿಟ್ಟ ಮೇಲೆ "ನಂಗೊತ್ತಿತ್ತು" ಅನ್ನುವುದು ದೊಡ್ಡವರ ಅಭ್ಯಾಸ, ಮಕ್ಕಳಿಗೆ ಅದು ಈಗಲೇ ಅಂಟುವುದು ಬೇಡ.

ಆಲೂಗಡ್ಡೆ ಮುಳುಗಿತು. ಈರುಳ್ಳಿ ತೇಲಿತು. ಬದನೆಕಾಯಿ ತೇಲಿತು, ಅದೂ ತೊಟ್ಟನ್ನು ಮೇಲೆತ್ತಿಕೊಂಡು ಬಹಳ ಗತ್ತಿನಿಂದ. ಇಷ್ಟರಲ್ಲಿ ಚಿಕ್ಕವನಿಗೆ ಒಂದು ಸಿದ್ಧಾಂತ ಹೊಳೆಯಿತು: "ಭಾರ ಇರೋದು ಮುಳುಗುತ್ತೆ, ಹಗುರ ಇರೋದು ತೇಲುತ್ತೆ." ಪಕ್ಕದ ಮನೆಯ ನಿವೃತ್ತ ಎಂಜಿನಿಯರು ಕಾಂಪೌಂಡಿನ ಮೇಲಿಂದಲೇ "ಕರೆಕ್ಟ್!" ಎಂದರು. ಅವರ ವಯಸ್ಸಿಗೆ ಮರ್ಯಾದೆ ಕೊಟ್ಟು ನಾನು ಸುಮ್ಮನಿದ್ದೆ. ತೊಟ್ಟಿ ಸುಮ್ಮನಿರಲಿಲ್ಲ. ಒಂದೇ ಒಂದು ದ್ರಾಕ್ಷಿ ಸೀದಾ ತಳಕ್ಕೆ ಹೋಗಿ ಕೂತಿತು. ಮೂರು ಕಿಲೊ ಕಲ್ಲಂಗಡಿ ತೊಟ್ಟಿಯಲ್ಲಿ ಹಿಡಿಸದೆ, ಬಚ್ಚಲಿನ ದೊಡ್ಡ ಟಬ್ಬಿಗೆ ವರ್ಗವಾಗಿ, ಅಲ್ಲಿ ನಿಶ್ಚಿಂತೆಯಿಂದ ತೇಲಿತು. ಎಂಜಿನಿಯರು ಒಳಗೆ ಹೋಗಿ ಕನ್ನಡಕ ಹಾಕಿಕೊಂಡು ಈ ಬಾರಿ ಗೇಟಿನಿಂದ ಬಂದರು.

ಕಿತ್ತಳೆ ಇನ್ನೂ ಕುಹಕಿ. ಸಿಪ್ಪೆಯಿರುವಾಗ ತೇಲುತ್ತದೆ. ಸುಲಿದು ಹಾಕಿ, ಮುಳುಗುತ್ತದೆ. ಸುಲಿದ ಮೇಲೆ ತೂಕ ಕಮ್ಮಿಯಾಯಿತೇ ಹೊರತು ಜಾಸ್ತಿಯಾಗಲಿಲ್ಲವಲ್ಲ! ದೊಡ್ಡವಳು ಸಿಪ್ಪೆಯನ್ನು ಬೆಳಕಿಗೆ ಹಿಡಿದು ನೋಡಿದಳು. ಒಳಗಿನ ಬಿಳಿಯ ಪದರವನ್ನು ನೀರೊಳಗೆ ಹಿಂಡಿದರೆ ಗುಳ್ಳೆ ಗುಳ್ಳೆಯಾಗಿ ಗಾಳಿ ಬರುತ್ತದೆ. "ಕಿತ್ತಳೆ ಲೈಫ್ ಜಾಕೆಟ್ ಹಾಕ್ಕೊಂಡೇ ಹುಟ್ಟಿದೆ" ಎಂದು ತೀರ್ಪು ಕೊಟ್ಟಳು. ತೀರ್ಪು ಪ್ರಶ್ನಾತೀತವಾಗಿತ್ತು. ಸಾಕ್ಷ್ಯವನ್ನು ಚಿಕ್ಕವನು ತಿಂದುಬಿಟ್ಟ.

ಭಾರದ ಸಿದ್ಧಾಂತ ಬಿದ್ದುಹೋದ ಮೇಲೆ ಚಿಕ್ಕವನು ಎರಡನೆಯದನ್ನು ತಂದ. ಊಟದ ಸ್ಟೀಲ್ ತಟ್ಟೆಯನ್ನು ಮೆಲ್ಲಗೆ ನೀರಿನ ಮೇಲಿಟ್ಟಿದ್ದ, ಅದು ತೇಲುತ್ತಿತ್ತು. "ಚಪ್ಪಟೆ ಇದ್ರೆ ತೇಲುತ್ತೆ!" ಇದಕ್ಕೆ ನಗಬಾರದು. ಇದೇ ಮಾತಿಗೆ 1611ರ ಬೇಸಿಗೆಯಲ್ಲಿ ಇಟಲಿಯ ಫ್ಲಾರೆನ್ಸಿನಲ್ಲಿ ಗಡ್ಡ ಬಿಟ್ಟ ಪಂಡಿತರು ಜಗಳವಾಡಿದ್ದಾರೆ. ಎದುರು ಪಕ್ಷದಲ್ಲಿದ್ದವನು ಗೆಲಿಲಿಯೊ. ಮಂಜುಗಡ್ಡೆ ಏಕೆ ತೇಲುತ್ತದೆ ಎಂಬುದು ವಿಷಯ. ಅರಿಸ್ಟಾಟಲನ ಕಡೆಯವರ ವಾದ ಹೀಗೆ: ಮಂಜುಗಡ್ಡೆ ಎಂದರೆ ಗಟ್ಟಿಯಾದ ನೀರು, ಗಟ್ಟಿಯಾದದ್ದು ನೀರಿಗಿಂತ ಭಾರವೇ ಇರಬೇಕು, ಅದು ತೇಲುವುದು ಅಗಲವಾಗಿ, ಚಪ್ಪಟೆಯಾಗಿ ಇರುವುದರಿಂದ. ಗೆಲಿಲಿಯೊ ಆರ್ಕಿಮಿಡೀಸನ ಪಕ್ಷ. ಮಂಜುಗಡ್ಡೆ ನೀರಿಗಿಂತ ಹಗುರ, ಅದಕ್ಕೇ ತೇಲುತ್ತದೆ, ಆಕಾರ ಹೇಗಾದರೂ ಇರಲಿ ಎಂದ. ಆಗ ಲೊಡೊವಿಕೊ ಡೆಲ್ಲೆ ಕೊಲೊಂಬೆ ಎಂಬ ವಿದ್ವಾಂಸ ಕರಿಮರದ ತುಂಡುಗಳನ್ನು ಜೇಬಿಗೆ ಹಾಕಿಕೊಂಡು ಹೊರಟ. ಎಬೊನಿ ಎನ್ನುವ ಈ ಮರ ನೀರಿಗಿಂತ ಭಾರ. ಅದರ ಉಂಡೆಯನ್ನು ಬಿಟ್ಟರೆ ಮುಳುಗಿತು. ಅದೇ ಮರದ ತೆಳುವಾದ ಬಿಲ್ಲೆಯನ್ನು ನೀರ ಮೇಲಿಟ್ಟರೆ ತೇಲಿತು! ಊರೆಲ್ಲ ಅದನ್ನು ತೋರಿಸಿಕೊಂಡು ಬಂದ. ಗೆಲಿಲಿಯೊಗೆ ಮುಜುಗರ. ಗ್ರ್ಯಾಂಡ್ ಡ್ಯೂಕ್ ಕೊಸಿಮೊ, ಬೀದಿಯಲ್ಲಿ ಬಾಯಿ ಮಾಡುವ ಬದಲು ಬರೆದಿಡು ಎಂದನಂತೆ. 1612ರಲ್ಲಿ ಗೆಲಿಲಿಯೊನ ಪುಸ್ತಕವೇ ಬಂತು.

ಅದರಲ್ಲಿ ಅವನು ಮಾಡಿದ ಕೆಲಸ ನನಗೆ ಬಹಳ ಹಿಡಿಸುತ್ತದೆ. ಬಿಲ್ಲೆ ತೇಲುವುದನ್ನು ಅವನು ಅಲ್ಲಗಳೆಯಲಿಲ್ಲ, ಬಗ್ಗಿ ನೋಡಿದ. ಬಿಲ್ಲೆಯ ಮೇಲ್ಮೈ ಸುತ್ತಲಿನ ನೀರಿಗಿಂತ ತುಸು ಕೆಳಗಿದೆ, ಸುತ್ತ ನೀರು ಚಿಕ್ಕ ದಂಡೆಯಾಗಿ ನಿಂತಿದೆ. ಬಿಲ್ಲೆಯನ್ನು ಮೊದಲೇ ಪೂರ್ತಿ ಒದ್ದೆ ಮಾಡಿ ಬಿಡಿ, ಆಮೇಲೆ ಮಾತಾಡೋಣ ಎಂದ. ಒದ್ದೆ ಮಾಡಿದರೆ ಮುಳುಗುತ್ತದೆ. ನಮ್ಮ ತೊಟ್ಟಿಯಲ್ಲಿ ಕರಿಮರಕ್ಕೆ ಬದಲು ಗುಂಡುಸೂಜಿ. ಟಿಶ್ಯೂ ಕಾಗದದ ಚೂರನ್ನು ನೀರಿನ ಮೇಲೆ ಹರಡಿ, ಅದರ ಮೇಲೆ ಸೂಜಿಯಿಟ್ಟು ಕಾಯಬೇಕು. ಕಾಗದ ನೆನೆದು ತಾನೇ ಕೆಳಗಿಳಿಯುತ್ತದೆ, ಉಕ್ಕಿನ ಸೂಜಿ ಮೇಲೇ ಉಳಿಯುತ್ತದೆ. ಕಣ್ಣನ್ನು ನೀರಿನ ಮಟ್ಟಕ್ಕೆ ತಂದರೆ ಸೂಜಿಯ ಕೆಳಗೆ ನೀರು ತಗ್ಗಿರುವುದು ಕಾಣುತ್ತದೆ. ಇದು ತೇಲುವುದಲ್ಲ, ನೀರಿನ ತೊಗಲಿನ ಮೇಲೆ ಮಲಗುವುದು. ಪಾತ್ರೆ ತೊಳೆಯುವ ಸೋಪಿನ ಒಂದು ಹನಿ ಮೂಲೆಯಲ್ಲಿ ಬಿಟ್ಟರೆ ಸಾಕು, ಸೂಜಿ ಹೇಳದೆ ಕೇಳದೆ ಕೆಳಗೆ. ಚಿಕ್ಕವನು ಸೋಪಿನ ಬಾಟಲಿಯನ್ನೇ ಬಗ್ಗಿಸಿದ್ದರಿಂದ ಆ ದಿನದ ನೀರು ಕರಿಬೇವಿಗೂ ದಕ್ಕಲಿಲ್ಲ, ವಿಜ್ಞಾನಕ್ಕೂ ದಕ್ಕಲಿಲ್ಲ.

ಇಷ್ಟೆಲ್ಲ ಗದ್ದಲ ನಡೆಯುವಾಗ ನನ್ನ ಹೆಂಡತಿ ಅಡಿಗೆಮನೆಯಲ್ಲಿ ಹೆಸರುಕಾಳು ನೆನೆಹಾಕುತ್ತಿದ್ದಳು. ಮೇಲೆ ಬಂದ ಕಾಳುಗಳನ್ನು ಅಂಗೈಯಲ್ಲಿ ಬಳಿದು ಚೆಲ್ಲಿದಳು. "ಅಜ್ಜಿ, ಯಾಕೆ ಬಿಸಾಕ್ತೀಯ?" "ತೇಲಿದ್ದು ಹುಳ ತಿಂದದ್ದು ಕಣೋ." ಅಷ್ಟೇ. ಅರಿಸ್ಟಾಟಲನಿಲ್ಲ, ಆರ್ಕಿಮಿಡೀಸನಿಲ್ಲ. ದೊಡ್ಡವಳು ಚೆಲ್ಲಿದ ಕಾಳೊಂದನ್ನು ಹೆಕ್ಕಿ ನೋಡಿದಳು: ಸಾಸಿವೆಗಿಂತ ಸಣ್ಣ ತೂತು, ಒಳಗೆ ಟೊಳ್ಳು. ಬೋಂಡಕ್ಕೆ ಎಣ್ಣೆ ಕಾದಿದೆಯೇ ಎಂದು ನೋಡಲು ಒಂದು ತೊಟ್ಟು ಹಿಟ್ಟು ಬಿಡುತ್ತಾರಲ್ಲ, ಅದೂ ಇದೇ ಪರೀಕ್ಷೆ. ಹಿಟ್ಟು ಎಣ್ಣೆಗಿಂತ ಭಾರ, ಮೊದಲು ಕೆಳಗೇ ಹೋಗುತ್ತದೆ. ಎಣ್ಣೆ ಕಾದಿದ್ದರೆ ಹಿಟ್ಟಿನೊಳಗಿನ ನೀರು ಆವಿಯಾಗಿ, ಅದು ಉಬ್ಬಿ, ಚಟ್ಟನೆ ಮೇಲೆ ಬರುತ್ತದೆ. ಕಾದಿಲ್ಲದಿದ್ದರೆ ಅಲ್ಲೇ ಬಾಣಲೆಯ ತಳದಲ್ಲಿ ಮುಖ ಊದಿಸಿಕೊಂಡು ಕೂರುತ್ತದೆ.

ಲೆಕ್ಕದ ಸುಳಿವು ಸಿಕ್ಕಿದ್ದೂ ಅಡಿಗೆಮನೆಯಲ್ಲೇ. ಅಡಿಗೆ ಎಣ್ಣೆಯ ಪ್ಯಾಕೆಟ್ಟನ್ನು ಕೈಯಲ್ಲಿ ಹಿಡಿದು ದೊಡ್ಡವಳು ಓಡಿಬಂದಳು. "ತಾತ, ಇದರಲ್ಲಿ ಮೋಸ ಇದೆ. ಒಂದು ಲೀಟರ್ ಅಂತ ಬರ್ದಿದಾರೆ, ಕೆಳಗಡೆ 910 ಗ್ರಾಂ ಅಂತಿದೆ." ಮೋಸವಲ್ಲ. ಒಂದು ಲೀಟರ್ ನೀರು ಒಂದು ಕಿಲೊ ತೂಗುತ್ತದೆ, ಅಷ್ಟೇ ಜಾಗ ಹಿಡಿಯುವ ಎಣ್ಣೆ 910 ಗ್ರಾಂ. ಅದಕ್ಕೇ ಎಣ್ಣೆ ಸಾರಿನ ಮೇಲೆ ಮೆರೆಯುತ್ತದೆ. ಅಷ್ಟೇ ಜಾಗದ ಮಂಜುಗಡ್ಡೆ ಸುಮಾರು 920 ಗ್ರಾಂ. ಕಬ್ಬಿಣ ಹತ್ತಿರ ಹತ್ತಿರ 7.8 ಕಿಲೊ, ಚಿನ್ನ 19 ಕಿಲೊ ಮೀರಿ. ಹಾಗಾದರೆ ಪ್ರಶ್ನೆ ಎಷ್ಟು ಭಾರ ಎಂಬುದಲ್ಲ, ಹಿಡಿದ ಜಾಗಕ್ಕೆ ಎಷ್ಟು ಭಾರ ಎಂಬುದು. ಇದಕ್ಕೆ ಪುಸ್ತಕದಲ್ಲಿ ಸಾಂದ್ರತೆ ಎನ್ನುತ್ತಾರೆ. ಅದನ್ನು ನಾನು ಆಗ ಹೇಳಲಿಲ್ಲ. ಎಂಜಿನಿಯರು ಹೇಳಲು ಬಾಯಿ ತೆರೆದರು, ಅಷ್ಟರಲ್ಲಿ ಬೋಂಡ ಬಂತು.

ಮೊಟ್ಟೆಯ ಪ್ರಯೋಗ ರಾಜತಾಂತ್ರಿಕ ಸಮಸ್ಯೆಯಾಯಿತು. ನಮ್ಮ ಮನೆಯೊಳಗೆ ಮೊಟ್ಟೆ ಬರುವುದಿಲ್ಲ. ವಿಜ್ಞಾನಕ್ಕಾಗಿ ಅಂಗಳದವರೆಗೆ ಬರಬಹುದು, ತುಳಸಿಕಟ್ಟೆ ದಾಟಕೂಡದು ಎಂದು ಹೆಂಡತಿ ಗಡಿ ಹಾಕಿದಳು. ಎಂಜಿನಿಯರ ಮನೆಯಿಂದ ಒಂದು ಮೊಟ್ಟೆ ಕಡ ಬಂತು. ಬರೀ ನೀರಿನಲ್ಲಿ ಅದು ಮುಳುಗಿತು. ಒಂದೊಂದೇ ಚಮಚ ಉಪ್ಪು ಹಾಕಿ, ಕಲಕಿ, ಕಾದು ನೋಡಬೇಕು. ಬಹಳ ಹೊತ್ತು ಏನೂ ಆಗುವುದಿಲ್ಲ. ಆಮೇಲೆ ಮಲಗಿದ್ದ ಮೊಟ್ಟೆ ಎದ್ದು ತುದಿಯ ಮೇಲೆ ನಿಲ್ಲುತ್ತದೆ. ಇನ್ನೊಂದು ಚಮಚಕ್ಕೆ ತಳ ಬಿಡುತ್ತದೆ. ಇನ್ನೂ ಹಾಕಿದರೆ ನಾಣ್ಯದಗಲ ಬೋಳುತಲೆ ನೀರಿನಿಂದ ಹೊರಗೆ. ಮೊಟ್ಟೆ ಬದಲಾಗಲಿಲ್ಲ, ನೀರು ಬದಲಾಯಿತು. ಚಿಕ್ಕವನು ಚಪ್ಪಾಳೆ ತಟ್ಟಿದ. ಮೊಟ್ಟೆ ಹಿಂದಿರುಗಿಸಲು ಹೋದಾಗ ಎಂಜಿನಿಯರ ಶ್ರೀಮತಿಯವರಿಗೆ ಅನುಮಾನ: "ತೇಲ್ತಾ? ಹಾಗಾದ್ರೆ ಹಳೇದು." ಅವರ ಮಾತೂ ಸರಿಯೇ. ಹಳತಾದಂತೆ ಚಿಪ್ಪಿನ ಸಣ್ಣ ರಂಧ್ರಗಳಿಂದ ತೇವ ಹೊರಗೆ ಹೋಗಿ, ಒಳಗಿನ ಗಾಳಿಯ ಕೋಣೆ ಹಿಗ್ಗುತ್ತದೆ; ಅಂಥ ಮೊಟ್ಟೆ ಬರೀ ನೀರಿನಲ್ಲೇ ತೇಲುತ್ತದೆ. ಇದು ಉಪ್ಪುನೀರಿನಲ್ಲಿ ತೇಲಿದ್ದು, ಮೊಟ್ಟೆಯ ತಪ್ಪಿಲ್ಲ ಎಂದು ಗೇಟಿನಲ್ಲಿ ನಿಂತು ಉಪನ್ಯಾಸ ಕೊಟ್ಟು ಬಂದೆ.

ಭತ್ತ ಬೆಳೆಯುವವರಿಗೆ ಇದರಲ್ಲಿ ಹೊಸದೇನೂ ಇಲ್ಲ. ಬೀಜದ ಭತ್ತ ಆರಿಸಲು ಇದೇ ಉಪಾಯ. ಮೊಟ್ಟೆ ತೇಲುವವರೆಗೂ ನೀರಿಗೆ ಉಪ್ಪು ಕಲಸುತ್ತಾರೆ, ಮೊಟ್ಟೆ ತೆಗೆದು ಭತ್ತ ಸುರಿಯುತ್ತಾರೆ. ಜೊಳ್ಳು, ಅರೆಬಲಿತದ್ದು ಮೇಲೆ ಬರುತ್ತದೆ, ಅದನ್ನು ಬಳಿದು ತೆಗೆಯುತ್ತಾರೆ. ತಳದಲ್ಲಿ ನಿಂತ ಗಟ್ಟಿ ಕಾಳನ್ನು ಉಪ್ಪು ಹೋಗುವಂತೆ ಎರಡು ಮೂರು ಸಲ ತೊಳೆದು ಬಿತ್ತನೆಗೆ ಇಟ್ಟುಕೊಳ್ಳುತ್ತಾರೆ. ಬರೀ ನೀರಿನಲ್ಲಿ ಜೊಳ್ಳು ಮಾತ್ರ ತೇಲುತ್ತದೆ, ಅರೆಬಲಿತದ್ದು ಬಲಿತದ್ದರ ಜೊತೆ ಸೇರಿ ಮುಳುಗಿಬಿಡುತ್ತದೆ. ಉಪ್ಪುನೀರಿನಲ್ಲಿ ಅದರ ಬಂಡವಾಳ ಬಯಲು. ಮಾವಿಗೂ ಇಂಥದೊಂದು ಪರೀಕ್ಷೆಯುಂಟು. ಚೆನ್ನಾಗಿ ಬಲಿತ ಕಾಯಿ ನೀರಿನಲ್ಲಿ ಮುಳುಗುತ್ತದೆ, ಎಳೆಯದು ತೇಲುತ್ತದೆ. ಉಷ್ಣ ಕಮ್ಮಿಯಾಗಲಿ ಎಂದು ತಿನ್ನುವ ಮೊದಲು ಹಣ್ಣನ್ನು ನೀರಿನಲ್ಲಿ ನೆನೆಹಾಕುವ ಪದ್ಧತಿ ನಮ್ಮಲ್ಲಿ ಇದ್ದೇ ಇದೆ, ಆದ್ದರಿಂದ ಮಕ್ಕಳು ಈಗ ಬಕೆಟ್ಟಿನ ತಳ ನೋಡಿಯೇ ಹಣ್ಣು ಆರಿಸುತ್ತಾರೆ. ತೇಲಿದ್ದು ತಾತನ ಪಾಲಿಗೆ.

ಇನ್ನು ಚಿಕ್ಕವನ ಸ್ಟೀಲ್ ತಟ್ಟೆ. ಸೂಜಿಯ ನ್ಯಾಯ ತಟ್ಟೆಗೆ ಹೊಂದುವುದಿಲ್ಲ, ಒದ್ದೆ ಮಾಡಿ ಬಿಟ್ಟರೂ ಅದು ತೇಲುತ್ತದೆ. ಚಪಾತಿ ಹಿಟ್ಟು ತರಿಸಿದೆ. ಉಂಡೆ ಮುಳುಗಿತು. ಅದನ್ನೇ ಲಟ್ಟಿಸಿ ಹಾಕಿದೆವು, ಚಪ್ಪಟೆಯಾಗಿಯೇ ಮುಳುಗಿತು. ಅಂಚು ಎತ್ತಿ ಬಟ್ಟಲು ಮಾಡಿದ್ದೇ ತೇಲಿತು. ಚಿಕ್ಕವನು ತಾನೇ ತಿದ್ದಿಕೊಂಡ: "ಚಪ್ಪಟೆ ಅಲ್ಲ, ಗೋಡೆ ಇರಬೇಕು." ಗೋಡೆ ನೀರನ್ನು ತಡೆದು, ಒಳಗಿನ ಗಾಳಿಯನ್ನೂ ಸೇರಿಸಿ ಜಾಗ ಹಿಡಿಯುತ್ತದೆ. ಪಣಂಬೂರಿನ ಬಂದರಿಗೆ ಬರುವ ಕಬ್ಬಿಣದ ಹಡಗುಗಳೆಲ್ಲ ನಿಂತಿರುವುದು ಈ ಗೋಡೆಯ ಮೇಲೆಯೇ. ಹಂಪೆಯ ಹರಿಗೋಲೂ ಅಷ್ಟೆ. ವಿಜಯನಗರಕ್ಕೆ ಕೃಷ್ಣದೇವರಾಯನ ಕಾಲದಲ್ಲಿ ಬಂದಿದ್ದ ಪೋರ್ಚುಗೀಸ್ ಪ್ರವಾಸಿ ದೊಮಿಂಗೊ ಪಾಯೆಸ್, ಆನೆಗೊಂದಿಗೆ ಜನ ಹೊಳೆ ದಾಟುವ ಬುಟ್ಟಿಯಂಥ ದುಂಡು ದೋಣಿಗಳನ್ನು ಕಂಡು ಬರೆದಿಟ್ಟಿದ್ದಾನೆ. ಬೆತ್ತದ ಹೆಣಿಗೆ, ಹೊರಗೆ ತೊಗಲಿನ ಹೊದಿಕೆ, ಹದಿನೈದು ಇಪ್ಪತ್ತು ಜನ ಹಿಡಿಸುತ್ತಾರೆ, ಬೇಕಾದರೆ ಕುದುರೆ ಎತ್ತುಗಳೂ ಹತ್ತುತ್ತವೆ ಎನ್ನುತ್ತಾನೆ. ಈಗ ತೊಗಲಿನ ಜಾಗಕ್ಕೆ ಪ್ಲಾಸ್ಟಿಕ್ ಹಾಳೆ ಮತ್ತು ಡಾಂಬರು ಬಂದಿದೆ, ಕುದುರೆಯ ಜಾಗಕ್ಕೆ ಸೆಲ್ಫಿ ತೆಗೆಯುವವರು. ನಮ್ಮ ಕಣಕದ ಹರಿಗೋಲಿಗೆ ಹುಣಿಸೆಬೀಜದ ಪ್ರಯಾಣಿಕರನ್ನು ಹತ್ತಿಸಿದೆವು. ಅಂಚಿನಲ್ಲಿ ಕೂತ ಬೀಜಗಳಿಂದ ದೋಣಿ ವಾಲಿತು, ನಡುವೆ ಕೂತವಕ್ಕೆ ಕ್ಷೇಮ. ಕೊನೆಗೆ ಕಣಕವೇ ನೆನೆದು ದೋಣಿ ಗಂಜಿಯಾಯಿತು.

ಒಣದ್ರಾಕ್ಷಿಯನ್ನು ಸೋಡಾದಲ್ಲಿ ಹಾಕಿದರೆ ಮುಳುಗುತ್ತದೆ, ಮೈಗೆಲ್ಲ ಗುಳ್ಳೆ ಅಂಟಿಸಿಕೊಂಡು ಮೇಲೇಳುತ್ತದೆ, ಮೇಲೆ ಗುಳ್ಳೆ ಒಡೆದು ಮತ್ತೆ ಇಳಿಯುತ್ತದೆ. ಇದರ ಬಗ್ಗೆ ಹೆಚ್ಚು ಹೇಳುವಂತಿಲ್ಲ, ಸೋಡಾ ಅಷ್ಟು ಹೊತ್ತು ಉಳಿಯುವುದಿಲ್ಲ.

"ತಾತ, ಮನುಷ್ಯ?" ಎಂದು ಕೇಳಿದಳು ದೊಡ್ಡವಳು. ಮನುಷ್ಯನದು ಗಡಿಯಂಚಿನ ಕೇಸು. ಎದೆ ತುಂಬ ಉಸಿರೆಳೆದುಕೊಂಡರೆ ಹೆಚ್ಚಿನವರು ತೇಲುತ್ತಾರೆ, ಉಸಿರೆಲ್ಲ ಬಿಟ್ಟರೆ ಇಳಿಯುತ್ತಾರೆ. ಆ ಸ್ವಲ್ಪದರ ಕೊರತೆ ನೀಗಲಿ ಎಂದೇ ನಮ್ಮ ಕಾಲದಲ್ಲಿ ಬೆನ್ನಿಗೆ ಒಣ ಸೋರೆಬುರುಡೆಯನ್ನೋ ಬೆಂಡನ್ನೋ ಕಟ್ಟಿ ಬಾವಿಗೆ ತಳ್ಳುತ್ತಿದ್ದರು. ತಳ್ಳಿದ ಸೋದರಮಾವ ಮೇಲೆ ಕಟ್ಟೆಯಲ್ಲಿ ಕೂತು ಕಡಲೆಕಾಯಿ ತಿನ್ನುತ್ತಿದ್ದ.

ಮನುಷ್ಯನಾಯಿತು. ಚಿಕ್ಕವನ ಕಣ್ಣು ನನ್ನ ಬಾಯಿಯ ಮೇಲೆ ನೆಟ್ಟಿತು. "ತಾತ, ನಿನ್ನ ಹಲ್ಲು?"

ಅದರ ಉತ್ತರ ನನಗೆ ದಿನಾ ರಾತ್ರಿ ಗೊತ್ತಾಗುತ್ತದೆ. ಕಟ್ಟಿಸಿದ ಹಲ್ಲು ಲೋಟದ ತಳದಲ್ಲಿ ನಗುತ್ತ ಕೂತಿರುತ್ತದೆ. "ಮುಳುಗುತ್ತೆ" ಎಂದೆ. "ಉಪ್ಪು ಹಾಕಿದ್ರೆ?" ಎಂದ. ಎಂಜಿನಿಯರು ತಕ್ಷಣ ಪೆನ್ನು ತೆಗೆದರು. ಅಕ್ರಿಲಿಕ್ಕು ನೀರಿನ 1.18 ಪಾಲು ಭಾರ, ಕರಗುವಷ್ಟೂ ಉಪ್ಪು ಕರಗಿಸಿದ ನೀರು 1.2 ಪಾಲು, ಲೆಕ್ಕದ ಪ್ರಕಾರ ಕೂದಲೆಳೆಯಲ್ಲಿ ತೇಲಬೇಕು, ನೂರು ಎಂಎಲ್‌ಗೆ ಸುಮಾರು 36 ಗ್ರಾಂ ಉಪ್ಪು ಸಾಕು ಎಂದರು. ಅಂದು ರಾತ್ರಿ ಹಾಸಿಗೆಗೆ ಹೋಗುವಾಗ ನೋಡುತ್ತೇನೆ, ನನ್ನ ಲೋಟದ ಪಕ್ಕದಲ್ಲಿ ಉಪ್ಪಿನ ಡಬ್ಬಿ, ಅಡಿಗೆಮನೆಯ ತಕ್ಕಡಿ, ದೊಡ್ಡವಳ ನೋಟ್‌ಬುಕ್ಕು. ಪುಟದಲ್ಲಿ ಎರಡು ಕಾಲಂ ಎಳೆದು ಊಹೆ ಆಗಲೇ ಬರೆದಿಟ್ಟಿದ್ದರು: ಅಕ್ಕ, ತೇಲುತ್ತೆ. ತಮ್ಮ, ತೇಲುತ್ತೆ. ಅಜ್ಜಿಯ ಹೆಸರಿನ ಮುಂದೆ, ಅವಳದೇ ಅಕ್ಷರದಲ್ಲಿ: ಬೆಳಿಗ್ಗೆ ಕಾಫಿಗೆ ಮುಂಚೆ ಚೆನ್ನಾಗಿ ತೊಳ್ಕೊಳಿ.