ಮುಟ್ಟಲಾಗದ ಗಂಟು

(ಹಾವೇರಿ ಕೋರ್ಟಿನ ಹೊರಗ ಚಹಾದಂಗಡಿ. ನಿವೃತ್ತರ ಕೈಚೀಲದಾಗ ಹಳೇ ಪಗಾರ ಚೀಟಿ, ಪಿನ್ನಿಗೆ ತುಕ್ಕು.)

ನಿವೃತ್ತ: ಬ್ಯಾಡಗಿಯೊಳಗ ಪಿ.ಎಫ್. ಹಿಡಿದ್ರು, ರಾಣೆಬೆನ್ನೂರಿಗೆ ವರ್ಗಾದ್ರ ಅಲ್ಲೂ ಹಿಡಿದ್ರು. ಲೆಕ್ಕದಾಗ ಹನ್ನೊಂದು ತಿಂಗಳು ಕಾಣವಲ್ಲವು.

ವಕೀಲ: ಯಾವಾಗಿನವು?

ನಿವೃತ್ತ: 1996ರವು.

ವಕೀಲ: ಆಗ ಹಾವೇರಿ ಜಿಲ್ಲಾನೇ ಹುಟ್ಟಿದ್ದಿಲ್ಲ! 1997ರ ತನಕ ಧಾರವಾಡ ಜಿಲ್ಲಾ.

ನಿವೃತ್ತ: ಅಲ್ಲಿ ಕೇಳಿದ್ರ ಇಲ್ಲಿ ಅಂತಾರ, ಇಲ್ಲಿ ಕೇಳಿದ್ರ ಬೆಂಗಳೂರು ಅಂತಾರ.

ವಕೀಲ: ಹೆದರಬ್ಯಾಡ್ರಿ. 1925ರ ಭವಿಷ್ಯ ನಿಧಿ ಕಾಯ್ದೆ ಐತಿ. ನಿಮ್ಮ ರೊಕ್ಕ ಸಾಲ ಕೊಟ್ಟವರು ಜಪ್ತಿ ಮಾಡಂಗಿಲ್ಲ, ಯಾರೂ ಮುಟ್ಟಂಗಿಲ್ಲ.

ನಿವೃತ್ತ: ನಾನೂ?

ವಕೀಲ: ...

ನಿವೃತ್ತ: ಬ್ಯಾಡಗಿ ಮೆಣಸಿನಕಾಯಿ ಕಾಯ್ದೇರಿ ಇದು. ಬಣ್ಣ ಭಾಳ, ಖಾರ ಕಮ್ಮಿ.

ವಕೀಲ: ಧಾರವಾಡ ಹೈಕೋರ್ಟ್ ಪೀಠಕ್ಕ ರಿಟ್ ಹಾಕೋಣು. ಸಹಿ ಮಾಡ್ರಿ. ಫೀಜು?

ನಿವೃತ್ತ: ಪಿ.ಎಫ್. ಬಂದಮ್ಯಾಲೆ ಕೊಡ್ತೀನ್ರಿ.

(ವಕೀಲರ ಪೆನ್ನು ವಾಪಸ್ ಕಿಸೆಗೆ.)