ಸದರಿ ನಲ್ಲಿ

(ಪಟ್ಟಣ ಪಂಚಾಯಿತಿ ಕಚೇರಿ. ಕೌಂಟರಿನ ಆಚೆ ಗುಮಾಸ್ತ, ಈಚೆ ಖಾಲಿ ಬಿಂದಿಗೆ ಹಿಡಿದ ಅಜ್ಜಿ.)

ಅಜ್ಜಿ: ಸ್ವಾಮಿ, ಬೀದಿ ನಲ್ಲೀಲಿ ನೀರು ಬರ್ತಿಲ್ಲ ಅಂತ ಅರ್ಜಿ ಕೊಟ್ಟಿದ್ದೆ.

ಗುಮಾಸ್ತ: ಉತ್ತರ ಕಳಿಸಿದ್ದೀವಲ್ಲಜ್ಜಿ!

ಅಜ್ಜಿ: ಬಂತು. ಡಿಗ್ರಿ ಓದೋ ಮೊಮ್ಮಗಳಿಗೂ ಅರ್ಥ ಆಗ್ಲಿಲ್ಲ.

ಗುಮಾಸ್ತ: (ಗಟ್ಟಿಯಾಗಿ ಓದುತ್ತಾ) 'ಮೇಲ್ಕಂಡ ವಿಷಯಕ್ಕೆ ಸಂಬಂಧಿಸಿದಂತೆ, ಸದರಿ ನಲ್ಲಿಯ ಕುರಿತು ನಿಯಮಾನುಸಾರ ಪರಿಶೀಲಿಸಿ ಸೂಕ್ತ ಕ್ರಮ ಕೈಗೊಳ್ಳಲಾಗುವುದು.' ಅಪ್ಪಟ ಕನ್ನಡ! ಆಡಳಿತ ಭಾಷೆ ಕನ್ನಡ ಅಂತ 1963ರಲ್ಲೇ ಕಾನೂನಾಗಿದೆ.

ಅಜ್ಜಿ: ಸಂತೋಷ. ಕ್ರಮ ಯಾರು ಕೈಗೊಳ್ತಾರೆ?

ಗುಮಾಸ್ತ: 'ಕೈಗೊಳ್ಳಲಾಗುವುದು' ಅಂದ್ಮೇಲೆ ಯಾರೂ ಬೇಕಾಗಲ್ಲ.

ಅಜ್ಜಿ: ಯಾವಾಗ?

ಗುಮಾಸ್ತ: ಸೂಕ್ತ ಕಾಲದಲ್ಲಿ.

ಅಜ್ಜಿ: ಸರಿ. ನನ್ನ ನೀರಿನ ಕಂದಾಯಾನೂ ನಿಯಮಾನುಸಾರ ಪರಿಶೀಲಿಸಿ ಪಾವತಿಸಲಾಗುವುದು.

ಗುಮಾಸ್ತ: (ಗಾಬರಿಯಿಂದ ಎದ್ದು) ಹಂಗಂದ್ರೆ ಹೆಂಗಜ್ಜಿ? ಯಾರು ಕಟ್ತಾರೆ? ಯಾವತ್ತು?